ಬದಲಾದ ನೀಲಾಂಜನೆ: ಆದಿಪುರಾಣ, ಇಟಲಿಯ ಮೂಕಿಚಿತ್ರಗಳು ಮತ್ತು ಅರಬೈಲಿನ ಕಾಡು

ಯಲ್ಲಾಪುರದಿಂದ ಅಂಕೋಲೆಯ ಕಡೆಗೆ ಇಳಿಯುವ ಹೆದ್ದಾರಿಯಲ್ಲಿ ಅರಬೈಲ್ ಘಟ್ಟವಿದೆ. ಆ ಸೀಮೆಯ ನದಿಗೆ ಎರಡು ಹೆಸರು. ಧಾರವಾಡದ ಕಡೆಯಿಂದ ಹರಿದು ಬಂದು ಮಾಗೋಡಿನಲ್ಲಿ ಧುಮುಕುವಾಗ ಅದು ಬೇಡ್ತಿ. ಘಟ್ಟದ ಕೆಳಗೆ ಕಡಲನ್ನು ಸೇರುವ ಹೊತ್ತಿಗೆ ಗಂಗಾವಳಿ. ನೀರು ಅದೇ, ಹೆಸರು ಬೇರೆ. ಅಲ್ಲಿಯ ಜನರಿಗೆ ಇದರಲ್ಲಿ ಸೋಜಿಗವೇನೂ ಇಲ್ಲ. ಇದಕ್ಕೆ ವಿಪರೀತವಾದ ಸಂಗತಿಯೊಂದಿದೆ. ಹೆಸರೂ ರೂಪವೂ ಹಾಗೆಯೇ ಉಳಿದು, ವಸ್ತುವೇ ಬೇರೆಯಾಗಿಬಿಡುವುದು. ಅದು ಕಣ್ಣಿಗೆ ಅಷ್ಟು ಸುಲಭವಾಗಿ ಸಿಕ್ಕುವುದಿಲ್ಲ. ಅರಬೈಲಿನಲ್ಲಿ ಹುಟ್ಟಿ, ಘಟ್ಟದ ಮೇಲಿನ ಕಾಲೇಜೊಂದರಲ್ಲಿ ಕನ್ನಡ ಸಾಹಿತ್ಯವನ್ನು ಬೋಧಿಸುವ ಅಧ್ಯಾಪಕರೊಬ್ಬರಿಗೆ ಈ ಎರಡನೆಯ ಸಂಗತಿಯು ಬಹುಕಾಲದ ಚಿಂತೆಯಾಯಿತು. ಅದಕ್ಕೆ ಕಾರಣ ತರಗತಿಯಲ್ಲಿ ಕೇಳಿಬಂದ ಒಂದು ಪ್ರಶ್ನೆ.

ಅಂದು ಪಾಠಕ್ಕಿದ್ದುದು ಪಂಪನ ಆದಿಪುರಾಣದ ನೀಲಾಂಜನೆಯ ನೃತ್ಯಪ್ರಸಂಗ. ಪಂಪನು ಈ ಕಾವ್ಯವನ್ನು ರಚಿಸಿದ್ದು ಕ್ರಿ.ಶ. 941ರಲ್ಲಿ. ಇದಕ್ಕೆ ಮೂಲವಾದದ್ದು ರಾಷ್ಟ್ರಕೂಟರ ಕಾಲದ ಜಿನಸೇನಾಚಾರ್ಯರ ಸಂಸ್ಕೃತ ಮಹಾಪುರಾಣದ ಪೂರ್ವಭಾಗ. ಕಥೆ ಎಲ್ಲರಿಗೂ ತಿಳಿದದ್ದೇ. ವೃಷಭನಾಥನು ರಾಜ್ಯಭೋಗದಲ್ಲಿ ಮಗ್ನನಾಗಿದ್ದಾನೆ. ಅವನ ವೈರಾಗ್ಯದ ಕಾಲ ಸಮೀಪಿಸಿದೆ. ಅದನ್ನು ಅರಿತ ಇಂದ್ರನು ಆಸ್ಥಾನದಲ್ಲಿ ನರ್ತಿಸಲು ದೇವನರ್ತಕಿ ನೀಲಾಂಜನೆಯನ್ನು ನಿಯೋಜಿಸುತ್ತಾನೆ. ಆಕೆಯ ಆಯುಷ್ಯ ಇನ್ನೇನು ಮುಗಿಯಲಿದೆ. ಇಂದ್ರನು ಆಕೆಯನ್ನು ಆರಿಸಿದ್ದೂ ಅದಕ್ಕಾಗಿಯೇ. ನೃತ್ಯದ ನಡುವೆ ಆಕೆ ಮಿಂಚಿನಂತೆ ಅದೃಶ್ಯಳಾಗುತ್ತಾಳೆ. ರಸಭಂಗವಾದೀತೆಂಬ ಅಂಜಿಕೆಯಿಂದ ಇಂದ್ರನು ಆ ಕ್ಷಣದಲ್ಲಿಯೇ ಅಂಥದೇ ಇನ್ನೊಂದು ರೂಪವನ್ನು ಅಲ್ಲಿ ನಿಲ್ಲಿಸುತ್ತಾನೆ. ಅದೇ ರಂಗ, ಅದೇ ಲಯ, ಅದೇ ಭಂಗಿ. ಸಭೆಗೆ ಏನೂ ತಿಳಿಯುವುದಿಲ್ಲ. ವೃಷಭನೊಬ್ಬನಿಗೆ ತಿಳಿಯುತ್ತದೆ. ಅವನು ಭರತನಿಗೆ ರಾಜ್ಯವನ್ನು ಒಪ್ಪಿಸಿ, ಬಾಹುಬಲಿಗೆ ಪೌದನಪುರವನ್ನು ಕೊಟ್ಟು, ದೀಕ್ಷೆಯನ್ನು ಕೈಗೊಳ್ಳುತ್ತಾನೆ.

ಅಧ್ಯಾಪಕರು ಸಂಸಾರದ ಅನಿತ್ಯತೆಯನ್ನೂ ಪಂಪನ ವರ್ಣನಾಶಕ್ತಿಯನ್ನೂ ವಿವರಿಸಿ ಪಾಠ ಮುಗಿಸುತ್ತಿದ್ದರು. ಆಗ ಹಿಂದಿನ ಸಾಲಿನ ವಿದ್ಯಾರ್ಥಿನಿಯೊಬ್ಬಳು ಎದ್ದು ನಿಂತಳು. "ಸರ್, ಸತ್ತ ನೀಲಾಂಜನೆಗಾಗಿ ಯಾರಾದರೂ ಅತ್ತರೇ?" ಎಂದು ಕೇಳಿದಳು. ಅಧ್ಯಾಪಕರು ಪುಸ್ತಕವನ್ನು ಮುಚ್ಚಿದರು. ಇಪ್ಪತ್ತು ವರ್ಷ ಅದೇ ಪ್ರಸಂಗವನ್ನು ಬೋಧಿಸಿದ್ದ ಅವರಿಗೆ ಆ ಪ್ರಶ್ನೆ ಒಮ್ಮೆಯೂ ಹೊಳೆದಿರಲಿಲ್ಲ. ತಾವೂ ಆ ಸಭೆಯಲ್ಲಿಯೇ ಕುಳಿತಿದ್ದವರು ಎಂದು ಅವರಿಗೆ ಅನಿಸಿತು.

ಉತ್ತರವನ್ನು ಅವರು ಹುಡುಕಿದ ದಾರಿ ಸ್ವಲ್ಪ ವಿಚಿತ್ರವಾದದ್ದು. ಹಳೆಯ ಮೂಕಿಚಿತ್ರಗಳಲ್ಲಿ ಅವರಿಗೆ ಆಸಕ್ತಿಯಿತ್ತು. ಅದರಲ್ಲಿಯೂ ಇಟಲಿಯಲ್ಲಿ 20ನೆಯ ಶತಮಾನದ ಮೊದಲ ಎರಡು ದಶಕಗಳಲ್ಲಿ ನಡೆದ ಪ್ರಯೋಗಗಳಲ್ಲಿ. ಇಂದ್ರನು ಮಾಡಿದ ಕೆಲಸಕ್ಕೆ ಸಿನೆಮಾದಲ್ಲಿ ಒಂದು ತಂತ್ರವೇ ಇದೆ. ಕ್ಯಾಮೆರಾವನ್ನು ನಿಲ್ಲಿಸಿ, ಎದುರಿಗಿದ್ದವರನ್ನು ಸರಿಸಿ, ಅದೇ ಜಾಗದಲ್ಲಿ ಬೇರೆಯವರನ್ನು ನಿಲ್ಲಿಸಿ, ಮತ್ತೆ ಚಿತ್ರೀಕರಣವನ್ನು ಮುಂದುವರಿಸುವುದು. ಪ್ಯಾರಿಸ್ಸಿನಲ್ಲಿ ಜಾರ್ಜ್ ಮೆಲಿಯೆಸ್ 1896ರಲ್ಲಿಯೇ ಈ ಉಪಾಯದಿಂದ ಕುರ್ಚಿಯ ಮೇಲೆ ಕುಳಿತ ಹೆಂಗಸೊಬ್ಬಳನ್ನು ಮಾಯಮಾಡಿದ್ದನು. ಬೆಸುಗೆ ಸರಿಯಾಗಿದ್ದರೆ ನೋಡುವವರಿಗೆ ನಡುವಿನ ವಿರಾಮ ತಿಳಿಯುವುದೇ ಇಲ್ಲ.

ಇಟಲಿಯಲ್ಲಿ ಈ ಆಟವನ್ನು ತನ್ನ ದೇಹದಿಂದಲೇ ಆಡಿದವನು ಲಿಯೊಪೋಲ್ಡೊ ಫ್ರೆಗೋಲಿ (1867–1936). ಅವನು ರಂಗದ ಮೇಲೆ ಕ್ಷಣಾರ್ಧದಲ್ಲಿ ವೇಷ ಬದಲಿಸುವ ನಟ. ಒಂದು ಬಾಗಿಲಿನಿಂದ ಹೆಂಗಸಾಗಿ ಹೋಗಿ ಇನ್ನೊಂದರಿಂದ ಮುದುಕನಾಗಿ ಬರುತ್ತಿದ್ದನು. ಒಂದು ನಾಟಕದ ಎಲ್ಲ ಪಾತ್ರಗಳನ್ನೂ ಒಬ್ಬನೇ ನಿರ್ವಹಿಸುತ್ತಿದ್ದನು. ಲ್ಯೂಮಿಯೇರ್ ಸಹೋದರರ ಯಂತ್ರವನ್ನು ಕಂಡ ಮೇಲೆ, 1890ರ ದಶಕದ ಕೊನೆಯಲ್ಲಿ, ತನ್ನ ಪ್ರದರ್ಶನದ ಜೊತೆಗೆ ಕಿರುಚಿತ್ರಗಳನ್ನೂ ತೋರಿಸಲಾರಂಭಿಸಿ ಆ ಯಂತ್ರಕ್ಕೆ ತನ್ನ ಹೆಸರನ್ನೇ ಸೇರಿಸಿ 'ಫ್ರೆಗೋಲಿಗ್ರಾಫ್' ಎಂದು ಕರೆದನು. ಗಮನಿಸಬೇಕಾದ ಅಂಶವೆಂದರೆ, ಅವನ ಚಿತ್ರಗಳಲ್ಲಿ ಕೆಲವು ನೇಪಥ್ಯವನ್ನೇ ತೋರಿಸುತ್ತಿದ್ದವು. ಪರದೆಯ ಹಿಂದೆ ಸಹಾಯಕರು ಹೇಗೆ ಉಡುಪನ್ನು ಕಳಚುತ್ತಾರೆ, ಹೇಗೆ ತೊಡಿಸುತ್ತಾರೆ ಎಂಬುದನ್ನು ಪ್ರೇಕ್ಷಕರು ಕಾಣಬಹುದಿತ್ತು. ಇಂದ್ರನು ಮುಚ್ಚಿಟ್ಟದ್ದನ್ನು ಈ ನಟನು ಬಿಚ್ಚಿ ತೋರಿಸಿದನು.

ಫ್ರೆಗೋಲಿಯ ಹೆಸರು ಆಮೇಲೆ ವೈದ್ಯಶಾಸ್ತ್ರವನ್ನೂ ಹೊಕ್ಕಿತು. 1927ರಲ್ಲಿ ಇಬ್ಬರು ಫ್ರೆಂಚ್ ವೈದ್ಯರು ಒಬ್ಬ ಯುವತಿಯ ಪ್ರಕರಣವನ್ನು ವರದಿಮಾಡಿದರು. ಸಾರಾ ಬರ್ನ್‌ಹಾರ್ಟ್ ಮೊದಲಾದ ನಟಿಯರು ತನ್ನ ಸುತ್ತಲಿನವರ ವೇಷ ಧರಿಸಿ ತನ್ನನ್ನು ಹಿಂಬಾಲಿಸುತ್ತಿದ್ದಾರೆ ಎಂದು ಆಕೆ ನಂಬಿದ್ದಳು. ಎಲ್ಲರಲ್ಲಿಯೂ ಒಬ್ಬರನ್ನೇ ಕಾಣುವ ಈ ಸ್ಥಿತಿಗೆ 'ಫ್ರೆಗೋಲಿ ಭ್ರಾಂತಿ' ಎಂದು ಹೆಸರಾಯಿತು. ಅದಕ್ಕೂ ಮೊದಲು, 1923ರಲ್ಲಿ, ಜೋಸೆಫ್ ಕಾಪ್‌ಗ್ರಾ ಎಂಬ ವೈದ್ಯನು ಸಹೋದ್ಯೋಗಿಯೊಂದಿಗೆ ಇದಕ್ಕೆ ವಿಪರೀತವಾದ ಭ್ರಾಂತಿಯನ್ನು ವಿವರಿಸಿದ್ದನು. ಅದರಲ್ಲಿ ರೋಗಿಗೆ ಗಂಡ, ಮಕ್ಕಳು ಎಲ್ಲರೂ ಅದೇ ಮುಖದ ಬೇರೆ ವ್ಯಕ್ತಿಗಳೆಂದು ತೋರುತ್ತಾರೆ. ನಿಜವಾದವರನ್ನು ಯಾರೋ ಅಪಹರಿಸಿದ್ದಾರೆಂಬ ನಂಬಿಕೆ ದೃಢವಾಗುತ್ತದೆ. ಒಂದು ಭ್ರಾಂತಿಯಲ್ಲಿ ಇಲ್ಲದ ಅಭೇದ ಕಾಣುತ್ತದೆ, ಇನ್ನೊಂದರಲ್ಲಿ ಇಲ್ಲದ ಭೇದ ಕಾಣುತ್ತದೆ.

ಅಧ್ಯಾಪಕರಿಗೆ ಈ ಎರಡು ಭ್ರಾಂತಿಗಳು ನೀಲಾಂಜನೆಯ ಸಭೆಯನ್ನು ಹೊಸದಾಗಿ ತೋರಿಸಿದವು. ಆ ಸಭಿಕರು ರೋಗಿಗಳಲ್ಲ, ಆರೋಗ್ಯವಂತರು. ಆದರೂ ಇಬ್ಬರನ್ನು ಒಬ್ಬಳೆಂದೇ ಕಂಡರು. ವೃಷಭನು ಕಂಡದ್ದೋ ಕಾಪ್‌ಗ್ರಾನ ರೋಗಿ ಹೇಳುವಂಥದೇ ಮಾತು: ರೂಪ ಅದೇ, ವ್ಯಕ್ತಿ ಬೇರೆ. ಭೇದವಿರುವುದು ಎರಡು ವಿಷಯಗಳಲ್ಲಿ. ಮೊದಲನೆಯದಾಗಿ, ಅವನು ಕಂಡದ್ದು ನಿಜ. ಎರಡನೆಯದಾಗಿ, ಕಂಡ ಮೇಲೆ ಅವನು ಆ ಎರಡನೆಯ ನರ್ತಕಿಯನ್ನು ವಂಚಕಿಯೆಂದು ದೂರಲಿಲ್ಲ, ಇಂದ್ರನನ್ನು ನಿಂದಿಸಲೂ ಇಲ್ಲ. ಆ ಅರಿವನ್ನು ತನ್ನ ಮೇಲೆಯೇ ತಿರುಗಿಸಿಕೊಂಡನು. ಕ್ಷಣಕ್ಷಣಕ್ಕೂ ಹುಟ್ಟಿ ಅಳಿಯುವ ಪರ್ಯಾಯಗಳ ನಡುವೆ ಸ್ಥಿರವೆಂದು ತಾನು ತಿಳಿದಿದ್ದ ಅರಸುತನವೂ ಅಂಥದೇ ಒಂದು ಎಂದು ಅರಿತನು.

ಆದರೆ ಸಭಿಕರ ಕಣ್ಣನ್ನು ಮಾತ್ರ ದೂಷಿಸಿ ಮುಗಿಸುವಂತಿಲ್ಲ. ಚಲನಚಿತ್ರವೆಂಬುದು ನಿಂತಿರುವುದೇ ಆ ಕಣ್ಣಿನ ಮೇಲೆ. ಮೂಕಿಚಿತ್ರಗಳ ಕಾಲದಲ್ಲಿ ಸೆಕೆಂಡಿಗೆ ಸುಮಾರು 16ರಿಂದ 20 ಸ್ಥಿರಚಿತ್ರಗಳು ದೀಪದ ಮುಂದೆ ಹಾದುಹೋಗುತ್ತಿದ್ದವು. ಒಂದು ಅಳಿಯುತ್ತದೆ, ಕ್ಷಣಕಾಲ ಕತ್ತಲೆ, ಅದೇ ಸ್ಥಾನದಲ್ಲಿ ಇನ್ನೊಂದು ಬರುತ್ತದೆ. ನೋಡುವವನಿಗೆ ಕತ್ತಲೆಯೂ ಕಾಣದು, ಬದಲಾವಣೆಯೂ ಕಾಣದು. ಒಬ್ಬಳೇ ನರ್ತಿಸುತ್ತಿರುವಂತೆ ಕಾಣುತ್ತದೆ. ಪರದೆಯ ಮೇಲೆ ಪ್ರತಿ ಸೆಕೆಂಡಿಗೆ ಹತ್ತಾರು ನೀಲಾಂಜನೆಯರು ಸಾಯುತ್ತಿದ್ದಾರೆ. ರೋಮಿನ ಆಂಟನ್ ಜೂಲಿಯೊ ಬ್ರಗಾಲ್ಯನಿಗೆ ಇದೇ ಒಪ್ಪಿಗೆಯಾಗಲಿಲ್ಲ. ಸಿನೆಮಾ ಚಲನೆಯನ್ನು ತುಂಡರಿಸುತ್ತದೆ, ತುಂಡುಗಳ ನಡುವಿನದು ಕಳೆದುಹೋಗುತ್ತದೆ ಎಂಬುದು ಅವನ ಆಕ್ಷೇಪ. 1911ರಿಂದ ಅವನೂ ಅವನ ಸಹೋದರನೂ ದೀರ್ಘಕಾಲ ಬೆಳಕಿಗೆ ಒಡ್ಡಿದ ಛಾಯಾಚಿತ್ರಗಳಲ್ಲಿ ಚಲನೆಯ ಇಡೀ ಜಾಡನ್ನು ಹಿಡಿಯಲು ಯತ್ನಿಸಿದರು. ಆ ಚಿತ್ರಗಳಲ್ಲಿ ತಿರುಗುವ ಮುಖವೊಂದು ಮಂಜಿನ ಪಟ್ಟಿಯಾಗಿ ಹರಡುತ್ತದೆ. ಜಾಡು ಉಳಿಯುತ್ತದೆ, ಆದರೆ ಮುಖದ ಗುರುತು ಅಳಿಯುತ್ತದೆ. ಇದು ಅವನ ಪ್ರಯೋಗದ ಬೆಲೆ.

ಭಾಗವನ್ನು ಕಂಡು ಇಡೀ ವ್ಯಕ್ತಿಯನ್ನು ಊಹಿಸುವುದೂ ಕಣ್ಣಿನ ಅಭ್ಯಾಸವೇ. 1914ರಲ್ಲಿ ತೂರಿನ್ ನಗರದ ಅಂಬ್ರೋಸಿಯೊ ಸಂಸ್ಥೆಗಾಗಿ ಮಾರ್ಸೆಲ್ ಫಾಬ್ರ್ ತೆಗೆದ 'ಅಮೋರ್ ಪೆದೆಸ್ತ್ರೆ' ಎಂಬ ಕಿರುಚಿತ್ರದಲ್ಲಿ ಯಾರ ಮುಖವೂ ಕಾಣುವುದಿಲ್ಲ. ಪ್ರಣಯ, ಬೂಟಿನೊಳಗೆ ತೂರಿಸಿದ ಪತ್ರ, ಗಂಡನ ಕೋಪ, ದ್ವಂದ್ವಯುದ್ಧ, ಎಲ್ಲವೂ ಬರಿಯ ಕಾಲುಗಳಲ್ಲಿ ನಡೆಯುತ್ತವೆ. ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ಯಕ್ಷಗಾನದ ಪ್ರೇಕ್ಷಕನಿಗೆ ಇದು ಅಪರಿಚಿತವಾದ ಅನುಭವವೇನೂ ಅಲ್ಲ. ಬಣ್ಣದ ವೇಷದ ಪ್ರವೇಶದಲ್ಲಿ ಇಬ್ಬರು ತೆರೆಯನ್ನು ಹಿಡಿದಿರುತ್ತಾರೆ. ಮೇಲೆ ಕಿರೀಟದ ಅಂಚು, ಕೆಳಗೆ ಗೆಜ್ಜೆ ಕಟ್ಟಿದ ಕಾಲು, ನಡುವೆ ಬಟ್ಟೆ. ಚೆಂಡೆಯ ಪೆಟ್ಟಿಗೆ ತೆರೆ ಅಲುಗುತ್ತದೆ. ಮುಖ ಕಾಣುವ ಮುನ್ನವೇ ಮಗುವಿನ ಮನಸ್ಸಿನಲ್ಲಿ ರಾಕ್ಷಸನು ಪೂರ್ಣವಾಗಿ ನಿಂತಿರುತ್ತಾನೆ. ವೇಷದೊಳಗಿನವರು ಪಕ್ಕದ ಊರಿನವರೇ ಆಗಿದ್ದರೂ ಆ ರಾತ್ರಿಯ ಮಟ್ಟಿಗೆ ಅವರು ಕಾಣುವುದಿಲ್ಲ. ರಸಕ್ಕೆ ಈ ಕಾಣದಿರುವಿಕೆ ಅವಶ್ಯಕ. ರಸಭಂಗವಾಗಬಾರದೆಂಬ ಇಂದ್ರನ ಕಾಳಜಿಯನ್ನು ಹಾಗಾಗಿ ಕೇವಲ ಕಪಟವೆಂದು ತಳ್ಳಿಹಾಕಲಾಗದು.

ಆದರೆ ಆ ಕಾಳಜಿಗೆ ಬೆಲೆ ತೆರುವವರು ಯಾರು? ಅಧ್ಯಾಪಕರು ಮತ್ತೆ ಮತ್ತೆ ನೋಡಿದ ಎರಡು ಚಿತ್ರಗಳಲ್ಲಿ ಬೆಲೆ ತೆರುವವಳು ಹೆಣ್ಣು. ನೀನೊ ಓಕ್ಸೀಲ್ಯನ 'ರಪ್ಸೋದಿಯ ಸತಾನಿಕ' 1917ರಲ್ಲಿ ಬಿಡುಗಡೆಯಾಯಿತು. ಸಂಗೀತವನ್ನು ರಚಿಸಿದವನು ಮಸ್ಕಾನ್ಯಿ. ಮುದುಕಿಯೊಬ್ಬಳು ಪಿಶಾಚಿಯೊಂದಿಗೆ ಒಪ್ಪಂದ ಮಾಡಿಕೊಂಡು ಯೌವನವನ್ನು ಮರಳಿ ಪಡೆಯುತ್ತಾಳೆ. ಪ್ರೇಮಕ್ಕೆ ಒಳಗಾಗಬಾರದೆಂಬುದು ಷರತ್ತು. ಲೀಡಾ ಬೊರೆಲ್ಲಿ ಈ ಪಾತ್ರದಲ್ಲಿ ಕನ್ನಡಿಗಳ ನಡುವೆ, ತೆಳುವಾದ ಮುಸುಕುಗಳನ್ನು ಹೊದ್ದು ನಡೆಯುತ್ತಾಳೆ. ಕನ್ನಡಿಯಲ್ಲಿ ಕಾಣುವ ಯುವತಿ ಆ ಮುದುಕಿಯೇ ಹೌದೋ ಅಲ್ಲವೋ ಎಂಬ ಸಂದೇಹ ಆಕೆಗೇ ಇದ್ದಂತೆ ತೋರುತ್ತದೆ. ಬ್ರಗಾಲ್ಯನೇ 1917ರಲ್ಲಿ ನಿರ್ದೇಶಿಸಿದ 'ಥಾಯಿಸ್' ಚಿತ್ರಕ್ಕೆ ರಂಗಸಜ್ಜೆಯನ್ನು ರೂಪಿಸಿದವನು ಚಿತ್ರಕಾರ ಎನ್ರಿಕೊ ಪ್ರಾಂಪೊಲೀನಿ. ಸುರುಳಿ, ಚೌಕ, ತ್ರಿಕೋನಗಳ ಗೋಡೆಗಳ ಮುಂದೆ ನಾಯಕಿಯ ಉಡುಪೂ ಆ ಗೋಡೆಗಳ ಭಾಗವಾಗುತ್ತದೆ. ದೇಹ ಎಲ್ಲಿ ಮುಗಿಯಿತು, ಚಿತ್ರ ಎಲ್ಲಿ ಆರಂಭವಾಯಿತು ಎಂಬುದು ತಿಳಿಯದಾಗುತ್ತದೆ. ಕೊನೆಗೆ ಆಕೆ ತನ್ನ ಮನೆಯ ಅಂಥದೇ ವಿಚಿತ್ರ ಕೋಣೆಯಲ್ಲಿ ಸಾಯುತ್ತಾಳೆ. ನಾಯಕಿಗೂ ನಟಿಗೂ 'ಥಾಯಿಸ್' ಎಂಬ ಒಂದೇ ಹೆಸರು. ಇಂದು ಉಳಿದಿರುವ ಪ್ರತಿಯಾದರೋ ಬೇರೊಂದು ಹೆಸರನ್ನು ಹೊತ್ತ ಫ್ರೆಂಚ್ ಪ್ರತಿ.

ಲುಯಿಜಿ ಪಿರಾಂಡೆಲ್ಲೊ ಈ ಎಲ್ಲವನ್ನೂ ಒಂದು ಕಾದಂಬರಿಯಲ್ಲಿ ಮೊದಲೇ ಕಂಡಿದ್ದನು. 1915ರಲ್ಲಿ ಧಾರಾವಾಹಿಯಾಗಿ ಪ್ರಕಟವಾಗಿ, 1925ರಲ್ಲಿ ಹೊಸ ಹೆಸರು ಪಡೆದ ಆ ಕೃತಿಯ ನಾಯಕ ಸೆರಾಫೀನೊ ಗುಬ್ಬಿಯೊ, ಕ್ಯಾಮೆರಾದ ಹಿಡಿಕೆಯನ್ನು ತಿರುಗಿಸುವವನು. ಅವನ ಚಿತ್ರಶಾಲೆಯ ನಟಿ ನೆಸ್ತೊರೋಫ್ ಪರದೆಯ ಮೇಲೆ ತನ್ನನ್ನು ಕಂಡು ಬೆಚ್ಚುತ್ತಾಳೆ. ಅಲ್ಲಿರುವವಳನ್ನು ತಾನೆಂದು ಗುರುತಿಸಲಾರಳು. ಕೊನೆಯ ದೃಶ್ಯದಲ್ಲಿ ಪಂಜರದೊಳಗಿನ ಹುಲಿಗೆ ಗುಂಡು ಹಾರಿಸಬೇಕಾದ ನಟನು ಆ ನಟಿಗೆ ಗುಂಡು ಹಾರಿಸುತ್ತಾನೆ, ಹುಲಿ ಅವನನ್ನು ಕೊಲ್ಲುತ್ತದೆ. ಸೆರಾಫೀನೊ ಹಿಡಿಕೆಯನ್ನು ತಿರುಗಿಸುತ್ತಲೇ ಇರುತ್ತಾನೆ. ಚಿತ್ರ ದೊರೆಯುತ್ತದೆ, ಅವನ ಮಾತು ಶಾಶ್ವತವಾಗಿ ನಿಂತುಹೋಗುತ್ತದೆ. ನೃತ್ಯದ ನಡುವೆ ನರ್ತಕಿ ಸತ್ತರೂ ಪ್ರದರ್ಶನ ನಿಲ್ಲಬಾರದೆಂಬ ನಿಯಮವನ್ನು ಪಾಲಿಸಿದವನ ಗತಿ ಇದು. ಈ ಪುಟಗಳನ್ನು ಓದಿದಾಗ ಅಧ್ಯಾಪಕರಿಗೆ ವಿದ್ಯಾರ್ಥಿನಿಯ ಪ್ರಶ್ನೆ ಇನ್ನಷ್ಟು ತೀಕ್ಷ್ಣವಾಗಿ ಕೇಳಿಸಿತು. ಕಂಡೂ ಸುಮ್ಮನಿದ್ದವನು ಸೆರಾಫೀನೊ. ಕಾಣದೆಯೇ ಸಂತೋಷಪಟ್ಟವರು ಸಭಿಕರು. ಕಂಡು ಎದ್ದವನು ವೃಷಭ. ಆದರೆ ವೃಷಭನಿಗೆ ಹುಟ್ಟಿನಿಂದಲೇ ಅವಧಿಜ್ಞಾನವಿತ್ತು. ಅಂಥ ಜ್ಞಾನವಿಲ್ಲದ ಸಾಮಾನ್ಯರು ಬದಲಾವಣೆಯನ್ನು ಕಾಣುವುದು ಹೇಗೆ?

ಇದಕ್ಕೆ ಉತ್ತರ ದೊರೆತದ್ದು ಪುಸ್ತಕದಲ್ಲಿ ಅಲ್ಲ, ಅರಬೈಲಿನ ಮನೆಯ ಜಗಲಿಯಲ್ಲಿ. ರಜೆಗೆ ಊರಿಗೆ ಹೋಗಿದ್ದ ಅಧ್ಯಾಪಕರು ಎದುರಿನ ಗುಡ್ಡವನ್ನು ನೋಡುತ್ತಾ, ಎಷ್ಟು ಹಸಿರಾಗಿದೆ ಎಂದರು. ಪಕ್ಕದಲ್ಲಿ ಅಡಿಕೆ ಸುಲಿಯುತ್ತಿದ್ದ ಅಪ್ಪಯ್ಯ ತಲೆಯೆತ್ತದೆ ಹೇಳಿದರು: "ಹಸಿರು ಇದ್ದು. ಕಾಡು ಇಲ್ಲೆ."

ಆ ಗುಡ್ಡದ ಮೇಲಿದ್ದುದು ಅಕೇಶಿಯಾ ನೆಡುತೋಪು. ವರ್ಷವಿಡೀ ಹಸಿರಾಗಿರುವ, ಬೇಗ ಬೆಳೆಯುವ ಮರ. ಬಸ್ಸಿನ ಕಿಟಕಿಯಿಂದ ನೋಡುವವನಿಗೆ ಅದು ಕಾಡೇ. ಅದೇ ಸ್ಥಾನ, ಅದೇ ಬಣ್ಣ, ಗಾಳಿಗೆ ಅದೇ ತೂಗಾಟ. ಮತ್ತಿ, ನಂದಿ, ಹೊನ್ನೆ, ಮುರುಗಲು, ಉಪ್ಪಾಗೆ, ವಾಟೆ, ಬೆತ್ತ, ಬಿದಿರುಗಳಿದ್ದ ಕಾಡು ಹೋಗಿ ಇನ್ನೊಂದು ಬಂದದ್ದು ಯಾರಿಗೂ ತಿಳಿಯದಂತೆ ಬೆಸುಗೆಯಾಗಿತ್ತು. ಅಪ್ಪಯ್ಯನಿಗೆ ತಿಳಿದದ್ದು ದಿವ್ಯಜ್ಞಾನದಿಂದಲ್ಲ. ತೋಟಕ್ಕೆ ಸೊಪ್ಪು ತರಲು ಹೋದಾಗ ಅಲ್ಲಿ ಸೊಪ್ಪಿರಲಿಲ್ಲ, ಉಪ್ಪಾಗೆಯ ಹಣ್ಣಿರಲಿಲ್ಲ, ಜೇನು ಕೂರುತ್ತಿರಲಿಲ್ಲ. ಕಣ್ಣು ಒಪ್ಪಿಕೊಂಡ ರೂಪವನ್ನು ಕೈ ಒಪ್ಪಿರಲಿಲ್ಲ.

ಇಂಥ ಅರಿವೇ ಈ ಸೀಮೆಯಲ್ಲಿ ಒಮ್ಮೆ ಚಳವಳಿಯಾಗಿತ್ತು. 1983ರ ಸೆಪ್ಟೆಂಬರ್ 8ರಂದು ಶಿರಸಿ ತಾಲೂಕಿನ ಸಾಲ್ಕಣಿಯ ಜನರು ಕಾಡಿಗೆ ಹೋಗಿ, ಕೊಡಲಿಗೆ ಗುರಿಯಾಗಿದ್ದ ಮರಗಳನ್ನು ಅಪ್ಪಿಕೊಂಡು ನಿಂತರು. ಪಾಂಡುರಂಗ ಹೆಗಡೆಯವರ ಮುಂದಾಳುತನದ ಆ ಅಪ್ಪಿಕೋ ಚಳವಳಿಯ ವಿರೋಧವು ಮರ ಕಡಿಯುವುದಕ್ಕೆ ಮಾತ್ರ ಸೀಮಿತವಾಗಿರಲಿಲ್ಲ. ಸಹಜ ಕಾಡಿನ ಜಾಗದಲ್ಲಿ ಸಾಗುವಾನಿ, ನೀಲಗಿರಿಗಳ ಏಕಜಾತಿಯ ತೋಪುಗಳನ್ನು ಬೆಳೆಸುವುದಕ್ಕೂ ಅದು ವಿರುದ್ಧವಾಗಿತ್ತು. ಸಾಗುವಾನಿ ಯಲ್ಲಾಪುರದ ಕಾಡಿಗೆ ಪರಕೀಯವಾದ ಮರವಲ್ಲ; ನೂರು ಬಗೆಯ ಮರಗಳ ನಡುವೆ ಅದೂ ಒಂದು. ಅದೊಂದೇ ಸಾಲು ಹಿಡಿದು ನಿಂತು 'ಕಾಡು' ಎಂಬ ಹೆಸರನ್ನು ಪಡೆದಾಗ ಮಾತ್ರ ಅದು ಎರಡನೆಯ ನೀಲಾಂಜನೆಯಾಗುತ್ತದೆ. ಕಾಗದಪತ್ರಗಳಲ್ಲಿ ಹೆಸರು ಬದಲಾಗದು, ದೂರದಿಂದ ಬಣ್ಣವೂ ಬದಲಾಗದು. ಬದಲಾದದ್ದನ್ನು ಹೇಳಬೇಕಾದವರು ಅದರೊಂದಿಗೆ ಬದುಕಿದವರು.

ರಜೆ ಮುಗಿದ ಮೇಲೆ ಅಧ್ಯಾಪಕರು ಅದೇ ತರಗತಿಯಲ್ಲಿ ಅದೇ ಪ್ರಸಂಗವನ್ನು ಮತ್ತೊಮ್ಮೆ ತೆಗೆದುಕೊಂಡರು. ಈ ಬಾರಿ ಅವರು ಆರಂಭಿಸಿದ್ದು ಮಥುರೆಯ ಕಂಕಾಲಿ ಟೀಲಾದಲ್ಲಿ ದೊರೆತು, ಈಗ ಲಖನೌ ವಸ್ತುಸಂಗ್ರಹಾಲಯದಲ್ಲಿರುವ ಶಿಲಾಪಟ್ಟಿಕೆಯೊಂದರ ಚಿತ್ರದಿಂದ. ಅದರಲ್ಲಿರುವುದು ನೀಲಾಂಜನೆಯ ನೃತ್ಯವೆಂದು ವಿದ್ವಾಂಸರು ಗುರುತಿಸಿದ್ದಾರೆ. ಪಂಪನಿಗಿಂತ ಶತಮಾನಗಳಷ್ಟು ಹಿಂದಿನ ಶಿಲ್ಪಿಯೊಬ್ಬನಿಗೂ ಈಕೆಯನ್ನು ಉಳಿಸಬೇಕೆನಿಸಿತ್ತು. ಇಟಲಿಯಲ್ಲಿ ಜಿನ್ನಾ, ಕೊರ್ರಾ ಎಂಬ ಸಹೋದರರು ಫಿಲ್ಮಿನ ಮೇಲೆ ನೇರವಾಗಿ ಬಣ್ಣ ಬಳಿದು ಮಾಡಿದ ಚಿತ್ರಗಳು ಇಂದಿಲ್ಲ; ಕೊರ್ರಾ 1912ರಲ್ಲಿ ಬರೆದ ವಿವರಣೆಯೊಂದೇ ಅವುಗಳ ಕುರುಹು. 1916ರ 'ವೀತ ಫುತುರಿಸ್ತ' ಎಂಬ ಚಿತ್ರವೂ ಕಳೆದುಹೋಗಿದೆ. ಉಳಿದಿರುವುದು ಕೆಲವು ಸ್ಥಿರಚಿತ್ರಗಳು. ಕಳೆದದ್ದರ ಲೆಕ್ಕವನ್ನು ಯಾರಾದರೂ ಬರೆದಿಟ್ಟರೆ ಮಾತ್ರ, ಏನೋ ಒಂದು ಇತ್ತು ಎಂದಾದರೂ ತಿಳಿಯುತ್ತದೆ.

ಆಮೇಲೆ ಅವರು ಹಿಂದಿನ ಸಾಲಿನ ಕಡೆ ನೋಡಿ ಹೇಳಿದರು. ನೀಲಾಂಜನೆಗಾಗಿ ಆ ಸಭೆಯಲ್ಲಿ ಯಾರೂ ಅಳಲಿಲ್ಲ. ಆಕೆ ಸತ್ತಳೆಂಬುದೇ ಅವರಿಗೆ ತಿಳಿಯದಿರುವಾಗ ಅಳುವುದು ಹೇಗೆ? ವೃಷಭನೂ ಅಳಲಿಲ್ಲ. ಆದರೆ ಅವನು ಆಕೆ ಇದ್ದಾಳೆಂಬ ಸುಳ್ಳಿನಲ್ಲಿ ಪಾಲುಗೊಳ್ಳದೆ ಎದ್ದನು. ಒಂದು ರಾಜ್ಯವನ್ನು ಬಿಡುವಷ್ಟು ದೊಡ್ಡ ಸಂಗತಿಯೆಂದು ಆಕೆಯ ಸಾವನ್ನು ಎಣಿಸಿದವನು ಅವನೊಬ್ಬನೇ.

ವಿದ್ಯಾರ್ಥಿನಿ ಸ್ವಲ್ಪ ಹೊತ್ತು ಯೋಚಿಸಿದಳು. "ಎರಡನೆಯವಳ ಹೆಸರೇನು ಸರ್?" ಎಂದಳು.

ಜಿನಸೇನರಲ್ಲಿ ಆಕೆ ಇನ್ನೊಂದು ದೇಹ ಮಾತ್ರ. ಅಧ್ಯಾಪಕರು ಪುಸ್ತಕವನ್ನು ಮತ್ತೆ ತೆರೆದು, ಆ ಪದ್ಯಗಳನ್ನು ಮೊದಲಿನಿಂದ ಓದತೊಡಗಿದರು.